ಹಿಡಿ ಅಕ್ಕಿಯ ಪಾಯಸ: ಕೆರಾಡಿ ಸೀಮೆಯ ಹೊಸ್ತು ಮತ್ತು ಶರಣರ ದಾಸೋಹ

‘ಪಯಸ್’ ಎಂದರೆ ಹಾಲು. ಹಾಲಿನಿಂದ ಆದದ್ದು ಪಾಯಸ. ಹಬ್ಬವಿರಲಿ, ಮದುವೆಯಿರಲಿ, ಗುರುಗಳ ಪಾದಪೂಜೆಯಿರಲಿ, ಎಲೆಯ ತುದಿಗೆ ಒಂದು ಸೌಟು ಪಾಯಸ ಬೀಳದೆ ಊಟವು ಪೂರ್ಣವೆನಿಸದು. ಪರಮಾನ್ನವೆಂಬ ಇದರ ಇನ್ನೊಂದು ಹೆಸರೇ ಅನ್ನಗಳಲ್ಲಿ ಇದಕ್ಕಿರುವ ಸ್ಥಾನವನ್ನು ಹೇಳುತ್ತದೆ. ಆದರೆ ಅನ್ನದ ಇತಿಹಾಸವೆಂಬುದು ರುಚಿಯ ಇತಿಹಾಸ ಮಾತ್ರವಲ್ಲ. ಯಾರು ಬೆಳೆದರು, ಯಾರು ಅಟ್ಟರು, ಯಾರು ಮೊದಲು ಉಂಡರು, ಯಾರು ಬಾಗಿಲಲ್ಲಿ ಕಾದು ನಿಂತರು ಎಂಬ ಪ್ರಶ್ನೆಗಳೂ ಅದರೊಳಗೆ ಬೆರೆತಿವೆ. ಹನ್ನೆರಡನೆಯ ಶತಮಾನದ ಶರಣರು ಈ ಪ್ರಶ್ನೆಗಳನ್ನು ಎದುರಿಗಿಟ್ಟುಕೊಂಡೇ ಅನ್ನವನ್ನು ಪ್ರಸಾದವೆಂದು ಕರೆದರು. ಘಟ್ಟದ ಕೆಳಗಿನ ಒಂದು ಸೀಮೆಯ ಪಾಯಸವನ್ನು ಆಧಾರವಾಗಿಟ್ಟುಕೊಂಡು ಈ ವಿಚಾರವನ್ನು ನೋಡಬಹುದು.

ಕೆರಾಡಿ ಸೀಮೆ

ಉಡುಪಿ ಜಿಲ್ಲೆಯ ಕುಂದಾಪುರ ಭಾಗದಲ್ಲಿ, ಪಶ್ಚಿಮ ಘಟ್ಟದ ಬುಡದಲ್ಲಿ ಕೆರಾಡಿ ಎಂಬ ಗ್ರಾಮವಿದೆ. ಅಲ್ಲಿಯ ಮೂಡಗಲ್ಲು ಕೇಶವನಾಥೇಶ್ವರನ ಸನ್ನಿಧಿಯು ಗುಹೆಯೊಳಗಿನದು. ನೀರು ತುಂಬಿದ ಗುಹೆಯಲ್ಲಿ ಇಳಿದು ನಡೆದು ಶಿವಲಿಂಗದ ದರ್ಶನ ಪಡೆಯಬೇಕು. ಹೆಸರಿನಲ್ಲಿ ಕೇಶವ, ರೂಪದಲ್ಲಿ ಲಿಂಗ. ಸುತ್ತಣ ಕಾಡಿನಿಂದಿಳಿಯುವ ಹಳ್ಳಗಳು ನದಿಗಳನ್ನು ಸೇರಿ, ಕೊನೆಗೆ ಗಂಗೊಳ್ಳಿಯ ಬಳಿ ಸೌಪರ್ಣಿಕಾ, ಚಕ್ರಾ, ವಾರಾಹಿ, ಕೇದಕ, ಕುಬ್ಜಾ ಎಂಬ ಐದು ನದಿಗಳು ಕೂಡುವ ಪಂಚಗಂಗಾವಳಿಯಲ್ಲಿ ಸಮುದ್ರವನ್ನು ಮುಟ್ಟುತ್ತವೆ.

ವರ್ಷಕ್ಕೆ 3000 ಮಿಲಿಮೀಟರಿಗೂ ಮೀರಿ ಮಳೆ ಸುರಿಯುವ ಈ ಸೀಮೆ ಭತ್ತದ ಸೀಮೆ. ಇಲ್ಲಿಯ ಗದ್ದೆಗಳಿಗೆ ನೆಲದ ಎತ್ತರ ತಗ್ಗುಗಳಿಗೆ ತಕ್ಕಂತೆ ಬೈಲು, ಮಜಲು, ಬೆಟ್ಟು ಎಂಬ ಹೆಸರುಗಳಿವೆ. ಬೆಳೆಗಳಿಗೆ ಕಾರ್ತಿ, ಸುಗ್ಗಿ, ಕೊಳಕೆ ಎಂಬ ಹೆಸರುಗಳಿವೆ. ಬೆಟ್ಟು ಗದ್ದೆಯಲ್ಲಿ ಮಳೆಗಾಲದ ಒಂದೇ ಬೆಳೆ. ನೀರು ನಿಲ್ಲುವ ಬೈಲಿನಲ್ಲಿ ಎರಡು, ಕೆಲವೆಡೆ ಮೂರು. ಗದ್ದೆಯ ಅಂಚಿನಲ್ಲಿ ತೆಂಗು, ಮನೆಯ ಹಿಂದೆ ಹಟ್ಟಿ.

ಇಲ್ಲಿಯ ಹಟ್ಟಿಯ ದನ ಬಯಲುಸೀಮೆಯ ದೊಡ್ಡ ದನವಲ್ಲ. ಮಲೆನಾಡು ಗಿಡ್ಡ ಎಂಬ ಈ ತಳಿ ಕುಳ್ಳು ಮೈಯದು, ಗಟ್ಟಿ ಕಾಲಿನದು. ಎಡೆಬಿಡದ ಮಳೆಯನ್ನೂ ಗುಡ್ಡದ ಮೇವನ್ನೂ ತಾಳಿಕೊಳ್ಳುತ್ತದೆ. ಆದರೆ ಅದು ಕೊಡುವ ಹಾಲು ದಿನಕ್ಕೆ ಒಂದೆರಡು ಲೀಟರು, ಹೆಚ್ಚೆಂದರೆ ಮೂರು. ಕರುವಿನ ಪಾಲು ಕಳೆದು, ಮಕ್ಕಳಿಗೂ ಮಜ್ಜಿಗೆಗೂ ಆದ ಮೇಲೆ ಹಬ್ಬದ ಊಟದ ನೂರು ಜನರಿಗೆ ಪಾಯಸ ಮಾಡುವಷ್ಟು ಹಾಲು ಉಳಿಯುವುದೆಲ್ಲಿಂದ? ಆದ್ದರಿಂದಲೇ ಹಾಲಿನ ಹೆಸರು ಹೊತ್ತ ಈ ಸಿಹಿಗೆ ಕರಾವಳಿಯಲ್ಲಿ ತೆಂಗಿನಕಾಯಿಯ ಹಾಲು ಒದಗಿಬಂದಿತು. ಕಾಯಿಹಾಲಿನ ಪಾಯಸವು ಹಸುವಿನ ಹಾಲಿಗೆ ಕೊರತೆಯ ಬದಲಿಯೆಂದು ಆರಂಭವಾಗಿರಬಹುದು. ಇಂದು ಆ ನೆಲದ ಸ್ವಂತ ಪರಮಾನ್ನವೇ ಅದಾಗಿದೆ.

ಹಸು ಈದಾಗ ಮಾಡುವ ಗಿಣ್ಣಿನಲ್ಲಿಯೂ ಇದೇ ವಿವೇಕ ಕಾಣುತ್ತದೆ. ಈದ ಮೊದಲ ದಿನಗಳ ದಪ್ಪ ಹಾಲಿಗೆ ಬೆಲ್ಲ, ಏಲಕ್ಕಿ ಬೆರೆಸಿ ಹಬೆಯಲ್ಲಿ ಬೇಯಿಸಿದರೆ ಅದು ತಾನಾಗಿಯೇ ಹೆಪ್ಪುಗಟ್ಟುತ್ತದೆ. ಆದರೆ ಕರು ಹೊಟ್ಟೆತುಂಬ ಕುಡಿದ ಬಳಿಕವೇ ಕೆಚ್ಚಲಿಗೆ ಕೈ ಹಾಕಬೇಕೆಂಬುದು ಹಟ್ಟಿಯ ಧರ್ಮ. ಆದ ಗಿಣ್ಣನ್ನು ನೆರೆಮನೆಗಳಿಗೆ ಹಂಚುವುದು ಊರಿನ ರೂಢಿ. ಮನುಷ್ಯನ ಪಾತ್ರೆಗೆ ಬರುವ ಹಾಲೆಲ್ಲವೂ ಕರು ಉಂಡು ಮಿಕ್ಕದ್ದೆಂಬ ಎಚ್ಚರವನ್ನು ಶರಣರೂ ತಮ್ಮ ವಚನಗಳಲ್ಲಿ ನೆನಪಿಸಿದ್ದಾರೆ.

ಹೊಸ್ತಿನ ದಿನ

ಕುಂದಾಪುರ ಸೀಮೆಯಲ್ಲಿ ಹೊಸ ಅಕ್ಕಿಯ ಊಟಕ್ಕೆ ಹೊಸ್ತು ಎಂದು ಹೆಸರು. ಕಾರ್ತಿ ಬೆಳೆ ಹಣ್ಣಾಗುತ್ತಿರುವ ಕಾಲದಲ್ಲಿ, ಹೆಚ್ಚಾಗಿ ನವರಾತ್ರಿಯ ಆಸುಪಾಸಿನಲ್ಲಿ ಇದು ನಡೆಯುತ್ತದೆ. ಮನೆಯ ಹಿರಿಯರು ಮುಂಜಾನೆ ಮಿಂದು, ಗದ್ದೆಗೆ ಹೋಗಿ, ಪೈರಿಗೆ ಕೈಮುಗಿದು ಕೆಲವು ಕದಿರುಗಳನ್ನು ಕೊಯ್ದು ಮನೆಗೆ ತರುತ್ತಾರೆ. ತುಳಸಿಕಟ್ಟೆಯ ಬಳಿ ಪೂಜೆಯಾದ ಮೇಲೆ ಮಾವು, ಹಲಸು ಮುಂತಾದ ಎಲೆಗಳೊಡನೆ ಆ ಕದಿರುಗಳನ್ನು ಸೇರಿಸಿ ಮನೆಯ ಕಂಬಕ್ಕೆ, ಬಾಗಿಲಿಗೆ, ಕಣಜಕ್ಕೆ, ನೇಗಿಲಿಗೆ ಕಟ್ಟುತ್ತಾರೆ. ಇದೇ ಕದಿರು ಕಟ್ಟುವ ಹಬ್ಬ. ತುಳುವರಲ್ಲಿಯೂ ಇಂತಹುದೇ ಆಚರಣೆಯುಂಟು.

ಆ ದಿನದ ಅಡುಗೆಗೆ ಬೇಕಾಗುವಷ್ಟು ಹೊಸ ಅಕ್ಕಿ ಇನ್ನೂ ಮನೆಗೆ ಬಂದಿರುವುದಿಲ್ಲ, ಕೊಯ್ಲು ಮುಂದಿದೆ. ಆದ್ದರಿಂದ ಕದಿರಿನ ಕೆಲವೇ ಕಾಳುಗಳನ್ನು ಸುಲಿದು, ಹಳೆಯ ಅಕ್ಕಿಯ ಅನ್ನಕ್ಕೂ ಪಾಯಸಕ್ಕೂ ಸೇರಿಸುತ್ತಾರೆ. ಆ ಬೆರಳೆಣಿಕೆಯ ಕಾಳುಗಳಿಂದಲೇ ಇಡೀ ಹಂಡೆಯ ಅನ್ನವು ಹೊಸ ಅನ್ನವಾಗುತ್ತದೆ. ಎಲೆಯ ಮುಂದೆ ಕುಳಿತ ಕಿರಿಯರು ಹಿರಿಯರ ಕಡೆ ತಿರುಗಿ, ಹೊಸ್ತು ಉಣ್ಣುತ್ತೇನೆಂದು ಅಪ್ಪಣೆ ಬೇಡುತ್ತಾರೆ. ಹಿರಿಯರು ಹರಸಿದ ಮೇಲೆ ಮೊದಲ ತುತ್ತು. ಉಣ್ಣುವುದಕ್ಕೂ ಒಪ್ಪಿಗೆ ಬೇಕೆಂಬ ಈ ವಿನಯದಲ್ಲಿ, ಅನ್ನವು ತನ್ನೊಬ್ಬನ ಗಳಿಕೆಯಲ್ಲವೆಂಬ ತಿಳಿವಳಿಕೆಯಿದೆ.

ಪಾಯಸದ ಕ್ರಮ

ಪಾಯಸಕ್ಕೆ ಬೆಳ್ತಿಗೆ ಅಕ್ಕಿ ಬೇಕು. ನಿತ್ಯದ ಗಂಜಿಯ ಕುಚ್ಚಲಕ್ಕಿ ಇದಕ್ಕೆ ಒದಗದು. ಒಂದು ಪಾವು ಅಕ್ಕಿಗೆ ಎರಡು ದೊಡ್ಡ ತೆಂಗಿನಕಾಯಿ, ಅಕ್ಕಿಯ ಒಂದೂವರೆ ಪಟ್ಟಿನಷ್ಟು ಬೆಲ್ಲ, ನಾಲ್ಕಾರು ಏಲಕ್ಕಿ, ಚಿಟಿಕೆ ಉಪ್ಪು. ಕಾಯಿಯನ್ನು ತುರಿದು, ಅರೆಯುವ ಕಲ್ಲಿನಲ್ಲಿ ನುಣ್ಣಗೆ ಅರೆದು, ತೆಳುಬಟ್ಟೆಯಲ್ಲಿ ಹಿಂಡಿದರೆ ಮೊದಲು ದಪ್ಪ ಹಾಲು ಬರುತ್ತದೆ. ಅದನ್ನು ಬೇರೆಯಾಗಿಟ್ಟು, ಉಳಿದ ತುರಿಗೆ ನೀರು ಚಿಮುಕಿಸಿ ಮತ್ತೆ ಅರೆದು ಹಿಂಡಿದರೆ ಎರಡನೆಯ ಹಾಲು. ಇನ್ನೊಮ್ಮೆ ಹಿಂಡಿದರೆ ನೀರಿನಂತಹ ಮೂರನೆಯ ಹಾಲು.

ತೊಳೆದ ಅಕ್ಕಿಯನ್ನು ಮೂರನೆಯ ಹಾಲಿನಲ್ಲಿ ಬೇಯಲು ಇಡಬೇಕು. ಅರ್ಧ ಬೆಂದಾಗ ಎರಡನೆಯ ಹಾಲು. ಅಗುಳು ಬೆರಳ ನಡುವೆ ಹಿಚುಕಿದರೆ ಪೂರ್ತಿ ಮೆತ್ತಗಾಗುವ ತನಕ ಬೆಲ್ಲವನ್ನು ಮುಟ್ಟಬಾರದು. ಸಿಹಿ ಸೇರಿದ ಮೇಲೆ ಅಕ್ಕಿ ಮುಂದಕ್ಕೆ ಬೇಯದೆ ಬಿರುಸಾಗಿಯೇ ಉಳಿಯುತ್ತದೆ. ಬೆಲ್ಲವನ್ನು ಬೇರೆ ಪಾತ್ರೆಯಲ್ಲಿ ಕರಗಿಸಿ, ಕಸ ಸೋಸಿ, ಆಮೇಲೆ ಬೆರೆಸಬೇಕು. ಕೊನೆಯಲ್ಲಿ ಉರಿ ತಗ್ಗಿಸಿ ದಪ್ಪ ಹಾಲು ಹಾಕಿ, ಅಂಚಿನಲ್ಲಿ ಕುದಿ ಕಾಣಿಸುವ ಮುನ್ನವೇ ಇಳಿಸಬೇಕು. ಕುದಿಯಲು ಬಿಟ್ಟರೆ ದಪ್ಪ ಹಾಲು ಒಡೆದು ಎಣ್ಣೆ ತೇಲುತ್ತದೆ. ಹಸುವಿನ ಹಾಲಿನಲ್ಲಿ ಮಾಡುವವರಿಗೆ ಎಚ್ಚರ ಇನ್ನೂ ಹೆಚ್ಚು ಬೇಕು: ಬೆಲ್ಲದ ಆಮ್ಲಾಂಶ ಕಾದ ಹಾಲನ್ನು ಒಡೆಯಿಸುವುದರಿಂದ, ಒಲೆಯಿಂದಿಳಿಸಿ ಬಿಸಿ ತುಸು ಆರಿದ ಮೇಲೆಯೇ ಬೆಲ್ಲದ ಪಾಕ ಸೇರಿಸುತ್ತಾರೆ.

ಗಮನಿಸಬೇಕಾದ ಸಂಗತಿಯೊಂದಿದೆ. ಒಂದು ಪಾವು ಅಕ್ಕಿಯ ಅನ್ನ ಮೂರು ನಾಲ್ಕು ಜನರಿಗೆ ಸಾಲಬಹುದು. ಅದೇ ಅಕ್ಕಿ ಹಾಲಿನಲ್ಲಿ ಬೆಂದು, ತನ್ನ ಗಂಜಿಯನ್ನು ಬಿಟ್ಟು, ಪಾತ್ರೆಯನ್ನೆಲ್ಲ ಗಟ್ಟಿಗೊಳಿಸಿದಾಗ ಹತ್ತು ಹನ್ನೆರಡು ಎಲೆಗಳಿಗೆ ಸೌಟು ಸೌಟಾಗಿ ಬಡಿಸಲು ಬರುತ್ತದೆ. ಪಾಯಸವು ಸ್ವಲ್ಪವನ್ನು ಹಲವರಿಗೆ ಮುಟ್ಟಿಸುವ ಪಾಕ. ಹಂಚುವುದಕ್ಕೆಂದೇ ಹುಟ್ಟಿದ ಅಡುಗೆಯಿದು.

ಅರಮನೆಯ ಪಾಕ, ಮಹಾಮನೆಯ ಪ್ರಸಾದ

ಕನ್ನಡ ನಾಡಿನ ಅರಸರು ಅಡುಗೆಯನ್ನು ಶಾಸ್ತ್ರವೆಂದು ಗೌರವಿಸಿದವರು. ಹನ್ನೊಂದನೆಯ ಶತಮಾನದ ಆರಂಭದಲ್ಲಿ ಎರಡನೆಯ ಚಾವುಂಡರಾಯನು ರಚಿಸಿದ ‘ಲೋಕೋಪಕಾರ’ದಲ್ಲಿ ಸೂಪಶಾಸ್ತ್ರಕ್ಕೆ ಒಂದು ಅಧ್ಯಾಯ ಮೀಸಲಾಗಿದೆ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು 1129ರ ಸುಮಾರಿಗೆ ಬರೆಸಿದ ‘ಮಾನಸೋಲ್ಲಾಸ’ದ ಅನ್ನಭೋಗವೆಂಬ ಭಾಗವು ಅರಸನ ಊಟದ ಬಗೆಗಳನ್ನು ವಿಸ್ತಾರವಾಗಿ ವರ್ಣಿಸುತ್ತದೆ, ಹಾಲಿನ ಸಿಹಿಗಳಿಗೆ ಅಲ್ಲಿ ಸ್ಥಾನವುಂಟು. ಹದಿನಾರನೆಯ ಶತಮಾನದ ಮೊದಲಲ್ಲಿ ಮೂರನೆಯ ಮಂಗರಸನು ಕನ್ನಡ ಷಟ್ಪದಿಯಲ್ಲಿಯೇ ‘ಸೂಪಶಾಸ್ತ್ರ’ವನ್ನು ಹಾಡಿದನು.

ಸೋಮೇಶ್ವರನ ಗ್ರಂಥ ಸಿದ್ಧವಾದ ಕೆಲವೇ ದಶಕಗಳಲ್ಲಿ, ಅದೇ ಕಲ್ಯಾಣದಲ್ಲಿ ಬಸವಣ್ಣನವರ ಮಹಾಮನೆಯ ದಾಸೋಹ ನಡೆಯಿತು. ಒಂದೇ ಪಟ್ಟಣ, ಎರಡು ಅಡುಗೆಮನೆ. ಒಂದರಲ್ಲಿ ಅರಸನೊಬ್ಬನ ನಾಲಗೆಗಾಗಿ ನೂರು ಪಾಕ. ಇನ್ನೊಂದರಲ್ಲಿ ಬಂದವರೆಲ್ಲರಿಗಾಗಿ ಒಂದು ಪ್ರಸಾದ. ಶರಣರು ರುಚಿಯನ್ನು ಹಳಿದವರಲ್ಲ. ಅವರ ಪ್ರಶ್ನೆಯಿದ್ದದ್ದು ಆ ರುಚಿ ಯಾರಿಗೆಂಬುದರಲ್ಲಿ. ಕಲ್ಲಿನ ನಾಗನಿಗೆ ಹಾಲೆರೆದು ಜೀವಂತ ನಾಗನನ್ನು ಬಡಿಯುವ, ಉಣ್ಣದ ಮೂರ್ತಿಗೆ ಬೋನವಿಟ್ಟು ಹಸಿದ ಜಂಗಮನನ್ನು ಅಟ್ಟುವ ಲೋಕದ ನಡೆಯನ್ನು ಬಸವಣ್ಣನವರು ಖಂಡಿಸಿದುದು ಎಲ್ಲ ಭಕ್ತರಿಗೂ ತಿಳಿದಿದೆ.

ಆಯ್ದಕ್ಕಿ ಮಾರಯ್ಯ, ಲಕ್ಕಮ್ಮ ದಂಪತಿಗಳ ಚರಿತ್ರೆ ಇಲ್ಲಿ ವಿಶೇಷವಾಗಿ ನೆನಪಾಗುತ್ತದೆ. ರಾಯಚೂರು ಸೀಮೆಯ ಅಮರೇಶ್ವರದಿಂದ ಕಲ್ಯಾಣಕ್ಕೆ ಬಂದ ಮಾರಯ್ಯನವರ ಕಾಯಕ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು; ಆ ಅಕ್ಕಿಯಿಂದಲೇ ಜಂಗಮ ದಾಸೋಹ. ಒಂದು ದಿನ ಮಾರಯ್ಯನವರು ಎಂದಿಗಿಂತ ಹೆಚ್ಚು ಅಕ್ಕಿ ತಂದಾಗ ಲಕ್ಕಮ್ಮನವರು ಅದನ್ನು ಒಪ್ಪಲಿಲ್ಲ. ಬೇಕಾದುದಕ್ಕಿಂತ ಹೆಚ್ಚಿನದು ಆಸೆಯ ಫಲವೆಂದು ತಿಳಿಹೇಳಿ, ಹೆಚ್ಚಿನ ಅಕ್ಕಿಯನ್ನು ಮರಳಿ ಸುರಿದು ಬರಲು ಕಳುಹಿಸಿದರು. ಮಿಕ್ಕ ಹಿಡಿ ಅಕ್ಕಿಯಿಂದಲೇ ಅಸಂಖ್ಯಾತ ಜಂಗಮರು ತೃಪ್ತರಾದರೆಂದು ಶರಣ ಚರಿತ್ರೆ ಸಾರುತ್ತದೆ. ಹೊಸ್ತಿನ ಹಂಡೆಗೆ ಬೀಳುವ ಬೆರಳೆಣಿಕೆಯ ಕಾಳುಗಳನ್ನು ಲಕ್ಕಮ್ಮನವರ ಹಿಡಿ ಅಕ್ಕಿಯೊಡನೆ ಇಟ್ಟು ನೋಡಿದರೆ, ಎರಡರ ಹಿಂದೆಯೂ ಒಂದೇ ತಿಳಿವು ಕಾಣುತ್ತದೆ. ಅನ್ನದ ಹಿರಿಮೆ ಅದರ ರಾಶಿಯಲ್ಲಿಲ್ಲ.

ಕರಿಕಾಲ ಚೋಳನು ನಿತ್ಯವೂ ಸಲ್ಲಿಸುತ್ತಿದ್ದ ರಾಜಭೋಗವನ್ನು ಒಂದು ದಿನ ಬಿಟ್ಟು, ಶಿವನು ಮಾದಾರ ಚೆನ್ನಯ್ಯನವರ ಗುಡಿಸಲಿನ ಅಂಬಲಿಯನ್ನು ಸವಿದ ಕಥೆಯೂ ಇದನ್ನೇ ಹೇಳುತ್ತದೆ. ಹರಿಹರನು ರಗಳೆಯಲ್ಲಿ ಹಾಡಿದ ಕೋಳೂರು ಕೊಡಗೂಸಿನ ಕಥೆಯಲ್ಲಿ ಹಾಲು ನೇರವಾಗಿಯೇ ಬರುತ್ತದೆ. ತಂದೆ ಊರಿಗೆ ಹೋದಾಗ ಶಿವನಿಗೆ ಹಾಲು ಒಯ್ದ ಮುಗ್ಧ ಬಾಲೆಗೆ, ದೇವರು ಕುಡಿಯದೆ ಹಾಲನ್ನು ಮರಳಿ ತರುವ ಲೋಕಾಚಾರ ತಿಳಿದಿರಲಿಲ್ಲ. ಕೊಟ್ಟ ಹಾಲನ್ನು ಕುಡಿಯಲೇಬೇಕೆಂದು ಅವಳು ಅತ್ತಳು, ಹಟ ಹಿಡಿದಳು, ಶಿವನು ಕುಡಿದನು. ಅರ್ಪಿಸಿದ್ದು ಯಾರ ಹಸಿವನ್ನಾದರೂ ಮುಟ್ಟಬೇಕೆಂಬ ಆ ಮಗುವಿನ ಹಟದಲ್ಲಿ ದಾಸೋಹದ ಬೀಜವೇ ಇದೆ.

ಕೆಳದಿಯ ಕಾಲ

ಘಟ್ಟದ ಮೇಲನ್ನೂ ಕೆಳಗನ್ನೂ ಒಂದೇ ಆಳ್ವಿಕೆಯಲ್ಲಿ ಬೆಸೆದವರು ಕೆಳದಿಯ ವೀರಶೈವ ಅರಸರು. 1499ರ ಸುಮಾರಿಗೆ ಚೌಡಪ್ಪ ನಾಯಕನಿಂದ ಆರಂಭವಾದ ಈ ಮನೆತನಕ್ಕೆ ಸದಾಶಿವ ನಾಯಕನ ಕಾಲದಲ್ಲಿ ವಿಜಯನಗರದಿಂದ ಬಾರಕೂರು, ಮಂಗಳೂರು ರಾಜ್ಯಗಳ ಅಧಿಕಾರ ದೊರೆಯಿತು. ರಾಜಧಾನಿಯು ಕೆಳದಿಯಿಂದ ಇಕ್ಕೇರಿಗೆ, ಅಲ್ಲಿಂದ 1639ರಲ್ಲಿ ಬಿದನೂರಿಗೆ ಸಾಗಿತು. ಬಿದನೂರಿನಿಂದ ಹುಲಿಕಲ್ಲು ಘಟ್ಟವಿಳಿದು ಹೊಸಂಗಡಿಯ ಮೂಲಕ ಕುಂದಾಪುರ, ಬಸರೂರುಗಳಿಗೆ ದಾರಿ. ಮೇಲಿನ ಕಾಳುಮೆಣಸು ಇಳಿದು ಬಂದು ಹಡಗೇರುತ್ತಿತ್ತು. ಬಸರೂರಿನ ಬಂದರಿನ ಅಕ್ಕಿಗೆ ಗೋವೆಯ ಪೋರ್ಚುಗೀಸರು ಬಾಯ್ಬಿಟ್ಟು ಕಾಯುತ್ತಿದ್ದರು. ಅದು ಮಸ್ಕತ್ತಿನವರೆಗೂ ಹೋಗುತ್ತಿತ್ತು. ಆ ಬಂದರಿನ ಸಿರಿವಂತಿಕೆಗೆ 1569ರಲ್ಲಿ ಪೋರ್ಚುಗೀಸರು ಕಟ್ಟಿದ ಕೋಟೆಯೂ, 1665ರ ಶಿವಾಜಿಯ ದಾಳಿಯೂ ಸಾಕ್ಷಿ. ಶಿವಪ್ಪ ನಾಯಕನು ಪೋರ್ಚುಗೀಸರನ್ನು ಈ ತೀರದ ಕೋಟೆಗಳಿಂದ ಹೊರದೂಡಿದನು. ಅವನ ಭೂಕಂದಾಯದ ‘ಶಿಸ್ತು’ ಇಂದಿಗೂ ಮಾತಿನಲ್ಲಿ ಉಳಿದಿದೆ.

ಕೆಳದಿಯವರು ಕವಲೇದುರ್ಗ ಮುಂತಾದೆಡೆ ಮಠಗಳನ್ನು ಪೋಷಿಸಿದರು. ಶೃಂಗೇರಿಗೂ ಇತರ ಮತಗಳ ಸ್ಥಾನಗಳಿಗೂ ದಾನವಿತ್ತರು. ಕೆರಾಡಿಗೆ ಸಮೀಪದ ಕೊಲ್ಲೂರಿನ ದೇವಾಲಯದ ಒಳಾಂಗಣಕ್ಕೆ ರಾಣಿ ಚೆನ್ನಮ್ಮಾಜಿಯ ಅಪ್ಪಣೆಯಂತೆ ಹಾಲುಗಲ್ಲು ವೀರಸಂಗಯ್ಯನು ಕಲ್ಲು ಹಾಸಿಸಿದನೆಂಬುದು ಅಲ್ಲಿಯ ಪ್ರತೀತಿ. ಚೆನ್ನಮ್ಮಾಜಿಯ ದತ್ತುಪುತ್ರ ಬಸಪ್ಪ ನಾಯಕನು ಹದಿನೆಂಟನೆಯ ಶತಮಾನದ ಆರಂಭದಲ್ಲಿ ರಚಿಸಿದ ‘ಶಿವತತ್ತ್ವರತ್ನಾಕರ’ವು ಒಂಬತ್ತು ಕಲ್ಲೋಲ, ನೂರೆಂಟು ತರಂಗಗಳ ಸಂಸ್ಕೃತ ವಿಶ್ವಕೋಶ. ಶಿವತತ್ತ್ವ, ರಾಜನೀತಿ, ಚರಿತ್ರೆಗಳ ಜೊತೆಗೆ ಪಾಕಶಾಸ್ತ್ರಕ್ಕೂ ಅದರಲ್ಲಿ ಎಡೆಯಿದೆ. ಶಿವತತ್ತ್ವವನ್ನು ಹೇಳುವ ಗ್ರಂಥದಲ್ಲಿ ಅಡುಗೆಯ ಮಾತು ಅಸಂಗತವೆಂದು ಆ ದೊರೆಗೆ ತೋರಲಿಲ್ಲ. 1763ರಲ್ಲಿ ಹೈದರಾಲಿಯಿಂದ ಬಿದನೂರು ಬಿದ್ದಿತು. 1799ರಲ್ಲಿ ಕರಾವಳಿಯು ಇಂಗ್ಲಿಷರ ವಶವಾಯಿತು.

ಗೇಣಿಯ ಮುಡಿ, ಒಕ್ಕಲಿನ ಗಂಜಿ

ಹೀಗೆ ಅಕ್ಕಿಯು ಸಮುದ್ರ ದಾಟಿದ ಸೀಮೆಯಲ್ಲಿ, ಅದನ್ನು ಬೆಳೆದವನ ಎಲೆಯಲ್ಲಿ ಏನಿತ್ತು? ಭೂಮಿಯು ಬಹುಪಾಲು ಒಡೆಯರದು. ಸಾಗುವಳಿ ಗೇಣಿ ಒಕ್ಕಲುಗಳದು. ಮೂಲಗೇಣಿಯವನಿಗೆ ಕಾಯಂ ಹಕ್ಕಾದರೂ ಇತ್ತು. ಚಾಲಗೇಣಿಯವನನ್ನು ಒಡೆಯನು ಬೇಕೆಂದಾಗ ಬಿಡಿಸಬಹುದಾಗಿತ್ತು. ಕೊಯ್ಲಾದೊಡನೆ ಅಕ್ಕಿಯು ಹುಲ್ಲಿನಲ್ಲಿ ಬಿಗಿದ ಮುಡಿಗಳಾಗಿ ಒಡೆಯನ ಮನೆಗೆ ನಡೆಯುತ್ತಿತ್ತು. ಮಳೆಗಾಲದ ಕೊನೆಯ ತಿಂಗಳುಗಳಲ್ಲಿ ಒಕ್ಕಲಿನ ಮನೆಯ ಕಣಜ ಬರಿದು. ಒಲೆಯ ಮೇಲೆ ತೆಳು ಗಂಜಿ, ಸೊಪ್ಪು, ಗೆಡ್ಡೆ.

ಈ ಹಿನ್ನೆಲೆಯಲ್ಲಿ ಹೊಸ್ತಿನ ಅರ್ಥ ಬೇರೆಯಾಗಿಯೇ ತೋರುತ್ತದೆ. ಕೊಯ್ಲಿಗೆ ಮುನ್ನ, ಮುಡಿ ಕಟ್ಟುವುದಕ್ಕೆ ಮುನ್ನ, ಗೇಣಿಯ ಲೆಕ್ಕ ಎತ್ತುವುದಕ್ಕೆ ಮುನ್ನ, ಬೆಳೆದವನ ಮಕ್ಕಳ ಬಾಯಿಗೆ ಹೊಸ ಬೆಳೆಯ ಮೊದಲ ಕಾಳು ಹೋಗುವ ದಿನವದು. ಕೆಲವೇ ಕಾಳುಗಳಾದರೂ ಮೊದಲ ತುತ್ತು ದುಡಿದವನದೆಂದು ಹಬ್ಬವು ಸಾರುತ್ತಿತ್ತು. ಕಾಯಕ ಮಾಡಿದವನೇ ಪ್ರಸಾದಕ್ಕೆ ಅರ್ಹನೆಂಬ ಶರಣರ ನಿಲುವನ್ನು, ಅವರ ಹೆಸರನ್ನು ಹೇಳದೆಯೇ, ಗದ್ದೆಯ ಬದುಕು ಹೀಗೆ ಕಾಪಾಡಿಕೊಂಡಿತ್ತು.

1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ಕಾಯಿದೆಯ ತಿದ್ದುಪಡಿಯು ಗೇಣಿ ಪದ್ಧತಿಯನ್ನು ಕೊನೆಗೊಳಿಸಿತು. ದೇವರಾಜ ಅರಸರು ಮುಖ್ಯಮಂತ್ರಿಗಳಾಗಿದ್ದ ಕಾಲವದು. ಕರಾವಳಿಯ ಹಳ್ಳಿಗಳಲ್ಲಿ ‘ಡಿಕ್ಲರೇಶನ್’ ಎಂಬ ಮಾತು ಮನೆಮಾತಾಯಿತು. ಒಕ್ಕಲುಗಳು ಅರ್ಜಿ ಕೊಟ್ಟು, ಭೂನ್ಯಾಯ ಮಂಡಳಿಗಳ ಮುಂದೆ ನಿಂತು, ಉತ್ತ ಭೂಮಿಗೆ ಒಡೆಯರಾದರು. ಅಂದಿನಿಂದ ಎಷ್ಟೋ ಮನೆಗಳಲ್ಲಿ ಹೊಸ್ತಿನ ಪಾಯಸವು ಸ್ವಂತ ನೆಲದ ಅಕ್ಕಿಯ ಪಾಯಸವಾಯಿತು.

ಆದರೆ ಗದ್ದೆ ಕೈಗೆ ಬಂದ ಒಂದೆರಡು ತಲೆಮಾರಿನೊಳಗೆ ಬೇಸಾಯವೇ ಹಿಂದೆ ಸರಿಯಿತು. ಮಕ್ಕಳು ಬೆಂಗಳೂರು, ಮುಂಬಯಿಗಳಿಗೆ ಹೋದರು; ಕೂಲಿಯಾಳು ಸಿಗದಾದರು; ಬೈಲು ಗದ್ದೆಗಳೂ ಹಡಿಲು ಬಿದ್ದವು. 2021ರಲ್ಲಿ ಉಡುಪಿಯ ಕಡೆ ಹಡಿಲು ಗದ್ದೆಗಳನ್ನು ಮರಳಿ ಸಾಗುವಳಿಗೆ ತರುವ ಆಂದೋಲನವೇ ನಡೆಯಬೇಕಾಯಿತು. ಇಂದು ಕೆಲವು ಮನೆಗಳಲ್ಲಿ ಹೊಸ್ತಿಗೆ ಬೇಕಾದ ನಾಲ್ಕು ಕದಿರನ್ನು ನೆರೆಯವರ ಗದ್ದೆಯಿಂದಲೋ ದೇವಸ್ಥಾನದಿಂದಲೋ ತರುತ್ತಾರೆ, ಅಕ್ಕಿ ಅಂಗಡಿಯದು. ಒಡೆಯನ ಕೈಯಿಂದ ಬಿಡಿಸಿಕೊಂಡ ನೆಲದಲ್ಲಿ ಕಾಯಕವೇ ನಿಂತುಹೋದರೆ, ಪಾಯಸದಲ್ಲಿ ಸಿಹಿ ಉಳಿದೀತು, ಪ್ರಸಾದಗುಣ ಉಳಿದೀತೇ ಎಂಬುದು ಆಲೋಚಿಸಬೇಕಾದ ಪ್ರಶ್ನೆ.

ಘಟ್ಟದ ಮೇಲಿನ ಹುಗ್ಗಿ, ಮಾದಲಿ

ಘಟ್ಟ ಹತ್ತಿ ಬಯಲುಸೀಮೆಗೆ ಹೋದರೆ ಅಕ್ಕಿಯ ಬದಲು ಗೋಧಿ, ಕಾಯಿಹಾಲಿನ ಬದಲು ಹಸು ಎಮ್ಮೆಗಳ ಹಾಲು. ಅಲ್ಲಿಯ ಪರಮಾನ್ನ ಗೋಧಿಯ ಹುಗ್ಗಿ. ಹಾಲು ತುಪ್ಪ ಸುರಿದುಕೊಂಡು ಉಣ್ಣುವ ಮಾದಲಿ. ಕೊಪ್ಪಳದ ಗವಿಸಿದ್ಧೇಶ್ವರ ಜಾತ್ರೆಯ ಮಹಾದಾಸೋಹಕ್ಕೆ ಸುತ್ತಲಿನ ಹಳ್ಳಿಗಳ ಭಕ್ತರು ರೊಟ್ಟಿ, ಮಾದಲಿಗಳನ್ನು ತಮ್ಮ ಮನೆಗಳಲ್ಲೇ ಸಿದ್ಧಪಡಿಸಿ ತಂದು ಒಪ್ಪಿಸುತ್ತಾರೆ. ಯಾರ ಮನೆಯ ಹಿಟ್ಟು ಯಾರ ಎಲೆಗೆ ಬಿತ್ತೆಂದು ಅಲ್ಲಿ ಕೇಳುವವರಿಲ್ಲ. 2019ರ ಜನವರಿ 21ರಂದು ಲಿಂಗೈಕ್ಯರಾದ ಸಿದ್ಧಗಂಗೆಯ ಶಿವಕುಮಾರ ಸ್ವಾಮಿಗಳವರು ದಶಕಗಳ ಕಾಲ ನಡೆಸಿದ ಅನ್ನದಾಸೋಹದಲ್ಲಿ ಉಂಡ ಮಕ್ಕಳು ನಾಡಿನ ಎಲ್ಲ ಜಾತಿ, ಎಲ್ಲ ಮೂಲೆಗಳವರು. ಧಾನ್ಯ ಬೇರೆ, ಹಾಲು ಬೇರೆ, ಪಂಕ್ತಿ ಒಂದೇ.

ಹಬ್ಬದ ದಿನ ಪಾಯಸಕ್ಕೆ ಅಕ್ಕಿಯನ್ನು ಅಳೆಯುವ ತಾಯಂದಿರು ಮನೆಮಂದಿಯ ಲೆಕ್ಕಕ್ಕೆ ಇನ್ನೊಂದು ಹಿಡಿ ಸೇರಿಸಿದರೆ, ಆ ಹಿಡಿ ಅಕ್ಕಿ ಹತ್ತು ಎಲೆಗೆ ಮುಟ್ಟುತ್ತದೆ. ಗದ್ದೆಯಲ್ಲಿ ನಾಟಿ ಮಾಡಿದವರು, ಹಟ್ಟಿಯನ್ನು ಗುಡಿಸಿದವರು, ಕಾಯಿ ಕಿತ್ತವರು ಆ ಹತ್ತು ಎಲೆಗಳ ಮುಂದೆ ಮನೆಯವರ ಸಾಲಿನಲ್ಲಿಯೇ ಕುಳಿತು ಉಂಡಾಗ ಪಾಯಸವು ಪ್ರಸಾದವಾಗುತ್ತದೆ. ಲಕ್ಕಮ್ಮನವರು ಅಂದು ಕಲ್ಯಾಣದಲ್ಲಿ ಅಳೆದುಕೊಟ್ಟದ್ದು ಇದೇ ಅಳತೆ.